ಲೆಕ್ಕ ಹಾಕಿ ಹಾರಿದವನು

467 ಅಡಿ. ಕೇಳೋಕೆ ದೊಡ್ಡದು ಅನ್ಸುತ್ತೆ. ಆದರೆ ಬಾಂಬು, ಪೆಟ್ರೋಲು, ಐದು ಜನ ತುಂಬಿಕೊಂಡ ಎರಡು ಎಂಜಿನ್ನಿನ ಬಾಂಬರ್ ವಿಮಾನ ಮೇಲೇಳೋದಕ್ಕೆ ಅದು ಏನೇನೂ ಅಲ್ಲ. ಅದೂ ನೆಲದ ಮೇಲಲ್ಲ, ಅಲೆಯ ಹೊಡೆತಕ್ಕೆ ಮೇಲೆ ಕೆಳಗೆ ಆಡ್ತಿರೋ ಹಡಗಿನ ಮೇಲೆ. 1942ರ ಏಪ್ರಿಲ್ 18ರ ಬೆಳಗ್ಗೆ, ಪೆಸಿಫಿಕ್ ಸಾಗರದ ನಡುವೆ, ಹಾರ್ನೆಟ್ ಅನ್ನೋ ವಿಮಾನವಾಹಕ ನೌಕೆಯ ಮೇಲೆ ಸಾಲಾಗಿ ನಿಂತಿದ್ದ 16 ವಿಮಾನಗಳಲ್ಲಿ ಮೊದಲನೆಯದರ ಪೈಲಟ್‌ಗೆ ಸಿಕ್ಕಿದ್ದು ಇಷ್ಟೇ ಜಾಗ. ಅವನು ಹಾರಿದರೆ ಹಿಂದಿದ್ದ 15 ವಿಮಾನಗಳಿಗೆ ಧೈರ್ಯ. ಅವನು ಸಮುದ್ರಕ್ಕೆ ಬಿದ್ದರೆ ಕಥೆ ಅಲ್ಲಿಗೇ ಮುಗೀತು.

ಆತ ಹಾರಿದ. ಹೆಸರು ಜೇಮ್ಸ್ ಡೂಲಿಟ್ಲ್. ಜಗತ್ತಿಗೆ ಜಿಮ್ಮಿ ಡೂಲಿಟ್ಲ್. ಆಗ ವಯಸ್ಸು 45, ಹುದ್ದೆ ಲೆಫ್ಟಿನೆಂಟ್ ಕರ್ನಲ್. ಇದಾದ ಕೆಲವೇ ದಿನಗಳಲ್ಲಿ ಕರ್ನಲ್ ಮೆಟ್ಟಿಲನ್ನೇ ದಾಟಿ ನೇರವಾಗಿ ಬ್ರಿಗೇಡಿಯರ್ ಜನರಲ್!

ಇಂಥ ಕಥೆ ಕೇಳಿದ ತಕ್ಷಣ ನಾವು ಏನಂತೀವಿ? "ಗುಂಡಿಗೆ ಇದ್ದವನು ಕಣ್ರೀ, ಜೀವದ ಹಂಗು ತೊರೆದು ನುಗ್ಗಿಬಿಟ್ಟ." ನಾನು ಇವತ್ತು ಹೇಳೋಕೆ ಹೊರಟಿರೋದು ಅದಲ್ಲ. ಈತ ನುಗ್ಗಿದವನಲ್ಲ, ಲೆಕ್ಕ ಹಾಕಿದವನು. ಆ ಲೆಕ್ಕದಲ್ಲಿ ಯಾರಿದ್ದರು, ಯಾರಿರಲಿಲ್ಲ ಅನ್ನೋದೇ ಇವತ್ತಿನ ಮಾತು.

ಡೂಲಿಟ್ಲ್ ಹುಟ್ಟಿದ್ದು 1896ರಲ್ಲಿ, ಕ್ಯಾಲಿಫೋರ್ನಿಯಾದಲ್ಲಿ. ಬಾಲ್ಯದ ಕೆಲವು ವರ್ಷ ಕಳೆದಿದ್ದು ಅಲಾಸ್ಕದ ನೋಮ್ ಅನ್ನೋ ಚಿನ್ನದ ಗಣಿಯ ಊರಲ್ಲಿ. ಕುಳ್ಳ ಆಳು. ಕುಳ್ಳ ಅಂತ ಕೆಣಕಿದವರ ಜೊತೆ ಗುದ್ದಾಡಿ ಗುದ್ದಾಡಿ ಒಳ್ಳೆ ಬಾಕ್ಸರ್ ಆದ. 1917ರಲ್ಲಿ ಸೇನೆ ಸೇರಿದ. ಮೊದಲ ಮಹಾಯುದ್ಧ ಮುಗಿಯೋವರೆಗೂ ಅವನನ್ನ ರಣರಂಗಕ್ಕೆ ಕಳಿಸಲೇ ಇಲ್ಲ, ಬೇರೆಯವರಿಗೆ ವಿಮಾನ ಹಾರಿಸೋದು ಕಲಿಸು ಅಂತ ಊರಲ್ಲೇ ಕೂರಿಸಿದರು. 1922ರಲ್ಲಿ ಫ್ಲಾರಿಡಾದ ಕಡಲ ತೀರದಿಂದ ಹೊರಟು, ನಡುವೆ ಒಂದೇ ಒಂದು ಕಡೆ ಇಳಿದು, ಅಮೆರಿಕದ ಇನ್ನೊಂದು ತುದಿಯ ಸ್ಯಾನ್ ಡಿಯಾಗೋ ತಲುಪಿದ. ಇಡೀ ದೇಶವನ್ನ ಒಂದು ದಿನದೊಳಗೆ ದಾಟಿದ ಮೊದಲಿಗ ಅನ್ನಿಸಿಕೊಂಡ.

ಇಲ್ಲಿವರೆಗೆ ಇದು ಸಾಹಸಿಯ ಕಥೆ. ಮುಂದೆ ನೋಡಿ. ಇಷ್ಟು ಹೆಸರು ಮಾಡಿದ ಪೈಲಟ್ ಹೋಗಿ ಕೂತಿದ್ದು ಎಂಐಟಿಯ ತರಗತಿಯಲ್ಲಿ! ವಿಮಾನ ದಿಢೀರ್ ಅಂತ ತಿರುಗಿದಾಗ ರೆಕ್ಕೆ ಮೇಲೆ, ಪೈಲಟ್ ಮೈಮೇಲೆ ಎಷ್ಟು ಒತ್ತಡ ಬೀಳುತ್ತೆ ಅಂತ ತಾನೇ ಹಾರಿಸಿ ಅಳೆದ. 1925ರಲ್ಲಿ ಏರೋನಾಟಿಕ್ಸ್‌ನಲ್ಲಿ ಡಾಕ್ಟರೇಟ್ ತಗೊಂಡ. ಹಾರಿಸೋರಿಗೆ ಲೆಕ್ಕ ಬರ್ತಿರಲಿಲ್ಲ, ಲೆಕ್ಕ ಬರೋರಿಗೆ ಹಾರಿಸೋಕೆ ಬರ್ತಿರಲಿಲ್ಲ ಅನ್ನೋ ಕಾಲ ಅದು. ಎರಡೂ ಬಲ್ಲವನು ಈತ.

ನಮ್ಮ ಬೆಂಗಳೂರಲ್ಲಿ ಚಳಿಗಾಲದ ಬೆಳಗ್ಗೆ ಮಂಜು ಕವಿದರೆ ವಿಮಾನ ತಡ ಅನ್ನೋ ಸುದ್ದಿ ಓಡುತ್ತೆ. ಆದರೂ ಮೋಡ, ಕತ್ತಲೆ, ಮಳೆ ಎಲ್ಲ ಸೀಳಿಕೊಂಡು ದಿನಾ ವಿಮಾನಗಳು ಇಳೀತಾನೇ ಇರ್ತವೆ. ಪೈಲಟ್ ಕಿಟಕಿಯಾಚೆ ಏನೂ ಕಾಣದಿದ್ದರೂ ಮುಂದಿರೋ ಉಪಕರಣ ನೋಡಿಕೊಂಡು ಹಾರಿಸ್ತಾನೆ. ಅದು ಸಾಧ್ಯ ಅಂತ ಮೊದಲು ತೋರಿಸಿಕೊಟ್ಟವನು ಇದೇ ಡೂಲಿಟ್ಲ್. 1929ರ ಸೆಪ್ಟೆಂಬರ್ 24, ನ್ಯೂಯಾರ್ಕ್ ಹತ್ತಿರದ ಮಿಚೆಲ್ ಫೀಲ್ಡ್. ಹೊರಗೆ ಏನೂ ಕಾಣದ ಹಾಗೆ ಕಾಕ್‌ಪಿಟ್ ಮುಚ್ಚಿಕೊಂಡು ಮೇಲೆದ್ದ, ಸುಮಾರು 15 ಮೈಲಿ ಹಾರಿದ, ಹೊರಟ ಕಡೆಯೇ ಬಂದು ಇಳಿದ. ತೊಂದರೆಯಾದರೆ ಇರಲಿ ಅಂತ ಜೊತೆಗೊಬ್ಬ ಪೈಲಟ್ ಕೂತಿದ್ದ, ಅವನು ಕೈ ಹಾಕೋ ಪ್ರಮೇಯವೇ ಬರಲಿಲ್ಲ. ಅಲ್ಲೀವರೆಗೆ ಪೈಲಟ್‌ಗಳು ನಂಬುತ್ತಿದ್ದದ್ದು ತಮ್ಮ ಅಂದಾಜನ್ನ. ಮೋಡದೊಳಗೆ ಹೋದರೆ ಆ ಅಂದಾಜೇ ಮೋಸ ಮಾಡ್ತಿತ್ತು, ಮೇಲೆ ಯಾವುದು ಕೆಳಗೆ ಯಾವುದು ಗೊತ್ತಾಗದೆ ಸಾಯ್ತಿದ್ದರು. ನಿನ್ನ ಮೈ ಹೇಳೋದನ್ನ ನಂಬಬೇಡ, ಮುಳ್ಳು ತೋರಿಸೋದನ್ನ ನಂಬು. ಡೂಲಿಟ್ಲ್ ಕಲಿಸಿದ ಪಾಠ ಅದು.

ಈಗ 1942ಕ್ಕೆ ಬರೋಣ. ಪರ್ಲ್ ಹಾರ್ಬರ್ ಮೇಲೆ ಜಪಾನ್ ದಾಳಿ ಮಾಡಿ ನಾಲ್ಕು ತಿಂಗಳು. ಸಿಂಗಪುರ ಬಿದ್ದಿದೆ, ರಂಗೂನ್ ಬಿದ್ದಿದೆ. ಏಪ್ರಿಲ್ 5ಕ್ಕೆ ಕೊಲಂಬೊ ಮೇಲೆ ಬಾಂಬ್, 6ಕ್ಕೆ ನಮ್ಮದೇ ವಿಶಾಖಪಟ್ಟಣ ಮತ್ತು ಕಾಕಿನಾಡ ಮೇಲೆ. ಮದ್ರಾಸಿನ ಜನ ಗಂಟುಮೂಟೆ ಕಟ್ಟಿಕೊಂಡು ಊರು ಬಿಟ್ಟರು. ಜಪಾನನ್ನ ಮುಟ್ಟೋರೇ ಇಲ್ಲ ಅನ್ನೋ ಹೊತ್ತು ಅದು. ಹೇಗಾದರೂ ಮಾಡಿ ಜಪಾನಿನ ನೆಲಕ್ಕೇ ಪೆಟ್ಟು ಕೊಡಿ ಅಂತ ಅಧ್ಯಕ್ಷ ರೂಸ್‌ವೆಲ್ಟ್ ಪಟ್ಟು ಹಿಡಿದಿದ್ದರು. ಸೇನೆಯ ಭಾರಿ ಬಾಂಬರನ್ನ ನೌಕಾಪಡೆಯ ಹಡಗಿನಿಂದ ಹಾರಿಸಿದರೆ ಹೇಗೆ ಅನ್ನೋ ಯೋಚನೆ ನೌಕಾಪಡೆಯ ಅಧಿಕಾರಿಯೊಬ್ಬರದ್ದು. ಅದನ್ನ ಆಗುಮಾಡೋ ಕೆಲಸ ಡೂಲಿಟ್ಲ್ ಹೆಗಲಿಗೆ ಬಿತ್ತು.

ಆರಿಸಿದ್ದು ಬಿ-25 ಬಾಂಬರ್. ಹಡಗಿನಿಂದ ಏಳಬಲ್ಲದು, ಆದರೆ ಮತ್ತೆ ಹಡಗಿನ ಮೇಲೆ ಇಳಿಯಲಾರದು. ಹಾಗಾಗಿ ಹೋಗೋದು ಮಾತ್ರ, ಬರೋದಿಲ್ಲ. ಬಾಂಬ್ ಹಾಕಿ ಮುಂದೆ ಚೀನಾಕ್ಕೆ ಹೋಗಿ ಇಳೀಬೇಕು. ಅದಕ್ಕೆ ಪೆಟ್ರೋಲ್ ಬೇಕು. 646 ಗ್ಯಾಲನ್ ಹಿಡಿಯುತ್ತಿದ್ದ ವಿಮಾನಕ್ಕೆ ಟ್ಯಾಂಕ್ ಮೇಲೆ ಟ್ಯಾಂಕ್ ಕೂರಿಸಿ 1,141 ಗ್ಯಾಲನ್ ಹಿಡಿಯೋ ಹಾಗೆ ಮಾಡಿದರು. ಭಾರ ಇಳಿಸೋಕೆ ಕೆಳಗಿನ ಗನ್ ಕಿತ್ತುಹಾಕಿದರು. ಬಾಲದಲ್ಲಿ ಗನ್ ಇರಲಿಲ್ಲ, ಪೊರಕೆ ಕೋಲಿಗೆ ಕಪ್ಪು ಬಣ್ಣ ಬಳಿದು ಸಿಕ್ಕಿಸಿದರು, ದೂರದಿಂದ ನೋಡಿದ ಶತ್ರು ಹೆದರಲಿ ಅಂತ! ಗುರಿ ಹಿಡಿಯೋ ದುಬಾರಿ ರಹಸ್ಯ ಯಂತ್ರ ತೆಗೆದು ಅದರ ಜಾಗಕ್ಕೆ ಕೆಲವೇ ಸೆಂಟ್ಸ್ ಬೆಲೆಯ ಅಲ್ಯೂಮಿನಿಯಂ ತಗಡಿನ ಸಾಧನ ಹಾಕಿದರು. ಕೆಳಮಟ್ಟದ ಹಾರಾಟಕ್ಕೆ ಅದೇ ಸರಿ, ಶತ್ರು ಕೈಗೆ ಸಿಕ್ಕರೂ ನಷ್ಟ ಇಲ್ಲ. ಫ್ಲಾರಿಡಾದ ಎಗ್ಲಿನ್ ಫೀಲ್ಡ್‌ನಲ್ಲಿ ವಾರಗಟ್ಟಲೆ ತಾಲೀಮು. ಇದು ಆವೇಶ ಅಲ್ಲ ಸ್ವಾಮಿ, ಮನೆ ಕಟ್ಟೋನು ಇಟ್ಟಿಗೆ ಎಣಿಸೋ ಹಾಗೆ ಎಣಿಸಿದ ಕೆಲಸ.

ಆದರೆ ಯುದ್ಧ ನಮ್ಮ ಲೆಕ್ಕದ ಪ್ರಕಾರ ನಡೆಯಲ್ಲ. ಅವತ್ತು ಬೆಳಗ್ಗೆ ಜಪಾನಿನ ಕಾವಲು ದೋಣಿಯೊಂದು ಹಡಗನ್ನ ನೋಡಿಬಿಡ್ತು. ಅಂದುಕೊಂಡದ್ದಕ್ಕಿಂತ 10 ಗಂಟೆ ಮೊದಲು, ಜಪಾನಿನಿಂದ ಸುಮಾರು 1,200 ಕಿಲೋಮೀಟರ್ ದೂರದಲ್ಲೇ ಹೊರಡಬೇಕಾಯ್ತು. ಪೆಟ್ರೋಲ್ ಸಾಲಲ್ಲ ಅಂತ ಎಲ್ಲರಿಗೂ ಗೊತ್ತು. 80 ಜನವೂ ಹೊರಟರು. 16ಕ್ಕೆ 16 ವಿಮಾನವೂ ಹಾರಿದವು. ಟೋಕಿಯೋ, ಯೊಕೊಹಾಮ, ನಗೋಯಾ, ಕೋಬೆ ಮೇಲೆ ಬಾಂಬ್ ಬಿತ್ತು. ಹಾನಿ ಸಣ್ಣದು. ಸುಮಾರು 50 ಜನ ಸತ್ತರು, ಅದರಲ್ಲಿ ಸಾಮಾನ್ಯ ಜನರೂ ಇದ್ದರು, ಮಕ್ಕಳೂ ಇದ್ದರು.

ಆಮೇಲೆ ಕತ್ತಲು, ಮಳೆ. ಚೀನಾದ ವಿಮಾನ ನಿಲ್ದಾಣಗಳಿಂದ ಬರಬೇಕಿದ್ದ ರೇಡಿಯೊ ಸಂಕೇತ ಬರಲಿಲ್ಲ. ಒಂದು ವಿಮಾನ ರಷ್ಯಾದಲ್ಲಿ ಇಳೀತು. ಉಳಿದ 15ಕ್ಕೆ 15 ನಾಶ. ಡೂಲಿಟ್ಲ್ ಪ್ಯಾರಾಚೂಟ್‌ನಲ್ಲಿ ಧುಮುಕಿ ಬಿದ್ದಿದ್ದು ಗೊಬ್ಬರ ಹಾಕಿದ ಭತ್ತದ ಗದ್ದೆಗೆ! ಮಾರನೇ ದಿನ ತನ್ನ ವಿಮಾನದ ಮುರಿದ ರೆಕ್ಕೆ ಹತ್ತಿರ ಕೂತು, ಎಲ್ಲ ವಿಮಾನ ಕಳಕೊಂಡೆ, ಊರಿಗೆ ಹೋದರೆ ಕೋರ್ಟ್ ಮಾರ್ಷಲ್ ಗ್ಯಾರಂಟಿ ಅಂದುಕೊಂಡ. ಜೊತೆಗಿದ್ದ ಪಾಲ್ ಲಿಯೊನಾರ್ಡ್ ಅನ್ನೋ ಮೆಕ್ಯಾನಿಕ್ ಸಮಾಧಾನ ಹೇಳಿದ: ಇಲ್ಲ, ನಿಮ್ಮನ್ನ ಜನರಲ್ ಮಾಡ್ತಾರೆ, ಮೆಡಲ್ ಆಫ್ ಆನರ್ ಕೊಡ್ತಾರೆ ಅಂತ. ಎರಡೂ ನಿಜವಾಯ್ತು. ಮೇ ತಿಂಗಳಲ್ಲಿ ರೂಸ್‌ವೆಲ್ಟ್ ಅವರೇ ಪದಕ ತೊಡಿಸಿದರು.

80 ಜನರಲ್ಲಿ ಮೂವರು ಅವತ್ತೇ ಸತ್ತರು. ಎಂಟು ಮಂದಿ ಜಪಾನೀಯರ ಕೈಗೆ ಸಿಕ್ಕರು. ಅವರಲ್ಲಿ ಮೂವರಿಗೆ ಮರಣದಂಡನೆ, ಇನ್ನೊಬ್ಬ ಸೆರೆಯಲ್ಲೇ ಸತ್ತ. ಅಮೆರಿಕದ ಪುಸ್ತಕಗಳಲ್ಲಿ ಈ ಲೆಕ್ಕ ಹೆಸರು ಸಮೇತ ಇದೆ.

ಇನ್ನೊಂದು ಲೆಕ್ಕ ಇದೆ. ಬಿದ್ದ ಪೈಲಟ್‌ಗಳನ್ನ ಬಚ್ಚಿಟ್ಟವರು, ಅನ್ನ ಹಾಕಿದವರು, ಗಾಯಗೊಂಡವರನ್ನ ಹೊತ್ತುಕೊಂಡು ಹೋದವರು ಚೀನಾದ ಹಳ್ಳಿ ಜನ. ಜಪಾನ್ ಸೇನೆ ಸೇಡು ತೀರಿಸಿಕೊಳ್ಳೋಕೆ ಬಂತು. ಜೆಜಿಯಾಂಗ್, ಜಿಯಾಂಗ್‌ಶಿ ಪ್ರಾಂತ್ಯಗಳಲ್ಲಿ ತಿಂಗಳುಗಟ್ಟಲೆ ಊರೂರು ಸುಟ್ಟರು. ಹೋಗುವಾಗ ಬಾವಿ ನೀರಿಗೆ ರೋಗಾಣು ಬೆರೆಸಿದರು. ಸತ್ತವರ ಸಂಖ್ಯೆ ಸುಮಾರು 2.5 ಲಕ್ಷ ಅನ್ನೋ ಅಂದಾಜಿದೆ. ಹೀಗಾಗಬಹುದು ಅಂತ ಚಿಯಾಂಗ್ ಕೈ-ಶೇಕ್ ಮೊದಲೇ ಆತಂಕಪಟ್ಟಿದ್ದರು. ಅಮೆರಿಕ ಅವರಿಗೆ ದಾಳಿಯ ಪೂರ್ತಿ ವಿವರವನ್ನೇ ಕೊಟ್ಟಿರಲಿಲ್ಲ. ಗ್ಯಾಲನ್ ಗ್ಯಾಲನ್ ಪೆಟ್ರೋಲ್ ಎಣಿಸಿದ ಯೋಜನೆಯಲ್ಲಿ ಈ ಜನರ ಕಾಲಂ ಇರಲಿಲ್ಲ.

ಹಾಗಾದರೆ ದಾಳಿ ತಪ್ಪಾ? ಅಷ್ಟು ಸಲೀಸಾಗಿ ಹೇಳೋಕಾಗಲ್ಲ. ಹಾನಿ ಸಣ್ಣದಾದರೂ ಅವಮಾನ ದೊಡ್ಡದಾಗಿತ್ತು. ಮಿಡ್‌ವೇ ದ್ವೀಪದ ಮೇಲೆ ನುಗ್ಗಬೇಕು ಅನ್ನೋ ಯಮಾಮೊಟೊ ಯೋಜನೆಗೆ ಜಪಾನಿನೊಳಗೇ ಇದ್ದ ವಿರೋಧ ಬಾಯಿ ಮುಚ್ಚಿತು. ಜೂನ್‌ನಲ್ಲಿ ಅದೇ ಮಿಡ್‌ವೇಯಲ್ಲಿ ಜಪಾನ್ ನಾಲ್ಕು ವಿಮಾನವಾಹಕ ನೌಕೆ ಕಳಕೊಂಡಿತು. ಯುದ್ಧದ ದಿಕ್ಕೇ ತಿರುಗಿತು.

ಜನರಲ್ ಆದ ಮೇಲೆ ಡೂಲಿಟ್ಲ್ ಆಫ್ರಿಕಾ, ಇಟಲಿ ಸುತ್ತಿ 1944ರ ಜನವರಿಯಲ್ಲಿ ಇಂಗ್ಲೆಂಡಿನಲ್ಲಿದ್ದ ಎಂಟನೇ ವಾಯುಪಡೆಯ ಮುಖ್ಯಸ್ಥನಾದ. ಅಲ್ಲಿ ಮೂರು ಕೆಲಸ ಮಾಡಿದ, ಮೂರೂ ಕಠಿಣ. ಬಾಂಬರ್‌ಗಳಿಗೆ ಅಂಟಿಕೊಂಡು ಕಾಯುತ್ತಿದ್ದ ಫೈಟರ್ ವಿಮಾನಗಳನ್ನ, ಹೋಗಿ ಜರ್ಮನ್ ವಿಮಾನಗಳನ್ನ ಹುಡುಕಿ ಹೊಡೀರಿ ಅಂತ ಬಿಟ್ಟುಬಿಟ್ಟ. ಬಾಂಬರ್ ಸಿಬ್ಬಂದಿ ನಮ್ಮನ್ನ ಸಾಯೋಕೆ ಬಿಟ್ಟ ಅಂತ ಬೈದರು, ಆದರೆ ಜರ್ಮನ್ ವಾಯುಪಡೆಯ ಸೊಂಟ ಮುರಿದಿದ್ದು ಆಗಲೇ. ಎರಡನೆಯದು, 25 ಹಾರಾಟಕ್ಕೆ ಮನೆಗೆ ಹೋಗಬಹುದಿತ್ತು, ಅದನ್ನ 30 ಮಾಡಿದ, ಆಮೇಲೆ 35. ಹುಡುಗರು ಶಾಪ ಹಾಕಿದರು. ಮೂರನೆಯದು 1945ರ ಫೆಬ್ರವರಿಯದ್ದು. ಬರ್ಲಿನ್ ನಗರದ ನಡುಭಾಗದ ಮೇಲೆ ಬಾಂಬ್ ಹಾಕು ಅಂತ ಆದೇಶ ಬಂದಾಗ, ಸಾಮಾನ್ಯ ಜನ ಸಾಯ್ತಾರೆ, ಇದು ನಮ್ಮ ರೀತಿ ಅಲ್ಲ ಅಂತ ಮೇಲಧಿಕಾರಿಗೆ ವಿರೋಧ ಹೇಳಿದ. ಅವನ ಮಾತು ನಡೆಯಲಿಲ್ಲ. ಫೆಬ್ರವರಿ 3ರಂದು ಸಾವಿರದ ಹತ್ತಿರ ಬಾಂಬರ್‌ಗಳು ಬರ್ಲಿನ್ ಮೇಲೆ ಹೋದವು. ಕಳಿಸಿದವನು ಅವನೇ.

ಯುದ್ಧದ ನಂತರ ಶೆಲ್ ಕಂಪನಿಗೆ ಹೋದ. 1985ರಲ್ಲಿ, ನಿವೃತ್ತಿಯಾಗಿ ಎಷ್ಟೋ ವರ್ಷದ ಮೇಲೆ, ನಾಲ್ಕನೇ ನಕ್ಷತ್ರ ಬಂತು, ಪೂರ್ಣ ಜನರಲ್ ಆದ. 1993ರಲ್ಲಿ, 96ನೇ ವಯಸ್ಸಿಗೆ ತೀರಿಕೊಂಡ.

ವೀಕ್ಷಕರೇ, ಗಡಿಯಲ್ಲಿ ಏನಾದರೂ ಆದಾಗ ನಮ್ಮ ಟೀವಿ ಪರದೆಗಳ ಮೇಲೆ ವಿಮಾನ ಹಾರುತ್ತೆ, ಬಾಂಬ್ ಬೀಳುತ್ತೆ, "ನುಗ್ಗಿ ಹೊಡೀರಿ" ಅನ್ನೋ ಕೂಗು ಏಳುತ್ತೆ. ಹೊಡೀಬೇಕಾದ ದಿನ ಬಂದರೆ ಸೈನಿಕ ಹೊಡೀತಾನೆ, ಅವನಿಗೆ ಅದು ಗೊತ್ತು. ಪ್ರಶ್ನೆ ಕೇಳಬೇಕಾದವರು ಮನೆಯಲ್ಲಿ ಕೂತ ನಾವು. ಎಷ್ಟು ಪೆಟ್ರೋಲ್ ಇದೆ ಅಂತ ಎಣಿಸಿದ್ದೀರಾ? ಹೋದವರು ಎಲ್ಲಿ ಇಳೀತಾರೆ? ಅವರು ಬಿದ್ದ ಊರಿನ ಗತಿ ಏನು? ಮೊದಲ ಎರಡು ಪ್ರಶ್ನೆಗೆ ಡೂಲಿಟ್ಲ್‌ನಂಥವರ ಹತ್ತಿರ ಉತ್ತರ ಇರುತ್ತೆ. ಮೂರನೆಯದಕ್ಕೆ ಉತ್ತರ ಕೊಡಬೇಕಾದವರು ಅವರನ್ನ ಕಳಿಸೋರು. ಆ ಭತ್ತದ ಗದ್ದೆ ಯಾರದ್ದು ಅಂತ ಚರಿತ್ರೆ ಬರೆದಿಟ್ಟಿಲ್ಲ. ಆದರೆ ಜನರಲ್ ಒಬ್ಬನ ಜೀವ ಉಳಿದಿದ್ದು ಆ ಮಣ್ಣಿನ ಮೇಲೆ.