ಬಿದ್ದಿದ್ದು ಟೈಲರ್, ರೆಕ್ಕೆಯಲ್ಲ

ಇವತ್ತು ಒಬ್ಬ ಟೈಲರ್ ಕತೆ ಹೇಳ್ತೀನಿ.

ಜರ್ಮನಿಯ ಉಲ್ಮ್ ಅನ್ನೋ ಊರು. 1811ರ ಮೇ 31. ಡಾನ್ಯೂಬ್ ನದಿಯ ದಡದಲ್ಲಿ ಜನವೋ ಜನ. ಕೋಟೆ ಗೋಡೆ ಮೇಲೆ ಮರದ ಅಟ್ಟಣಿಗೆ ಕಟ್ಟಿದ್ದಾರೆ. ನೀರಿನಿಂದ ಹೆಚ್ಚುಕಮ್ಮಿ 20 ಮೀಟರ್ ಎತ್ತರ. ಅಲ್ಲಿ ರೆಕ್ಕೆ ಕಟ್ಟಿಕೊಂಡು ನಿಂತವನು ಆಲ್ಬ್ರೆಕ್ಟ್ ಬರ್ಬ್ಲಿಂಗರ್. ವಯಸ್ಸು 40.

ಇವನಿಗೆ ಗಡಿಯಾರ ರಿಪೇರಿ ಕಲಿಯೋ ಆಸೆ ಇತ್ತು. ಚಿಕ್ಕವನಿದ್ದಾಗಲೇ ಅಪ್ಪ ತೀರಿಕೊಂಡರು, ಅನಾಥಾಶ್ರಮ ಸೇರಿದ, ಕೈಗೆ ಸಿಕ್ಕಿದ್ದು ಸೂಜಿ-ದಾರ. ಆದರೂ ತಲೆ ಸುಮ್ಮನಿರಲಿಲ್ಲ. ಕಾಲು ಕಳೆದುಕೊಂಡವರಿಗೆ ಮಡಚಬಹುದಾದ ಕೃತಕ ಕಾಲು ಮಾಡಿಕೊಟ್ಟವನು ಇವನೇ.

ಹಿಂದಿನ ದಿನ ರಾಜ ಫ್ರೆಡರಿಕ್ ನೋಡೋಕೆ ಬಂದಿದ್ದ. ರೆಕ್ಕೆ ಹಾಳಾಗಿದೆ ಅಂತ ಬರ್ಬ್ಲಿಂಗರ್ ಹಾರಲಿಲ್ಲ. ಮರುದಿನ ರಾಜ ಹೊರಟುಹೋಗಿದ್ದ, ಜನ ಮಾತ್ರ ಕಾಯ್ತಾ ಇದ್ದರು. ಹಾರಿದ. ನೇರವಾಗಿ ನದಿಗೆ ಬಿದ್ದ! ಮೀನುಗಾರರು ಎಳೆದು ದೋಣಿಗೆ ಹಾಕಿದರು. ಜೀವ ಉಳೀತು, ಮರ್ಯಾದೆ ಉಳೀಲಿಲ್ಲ. ಊರೆಲ್ಲ ನಗೋಕೆ ಶುರುಮಾಡಿತು. ಗಿರಾಕಿಗಳು ದೂರವಾದರು. 1829ರಲ್ಲಿ ಬಡತನದಲ್ಲೇ ಸತ್ತ.

ಹಾಗಾದ್ರೆ ಅವನು ದಡ್ಡನಾ? ಸ್ವಲ್ಪ ತಾಳಿ.

ತೋಳು ಬಡಿದು ಹಕ್ಕಿ ಥರ ಹಾರೋದು ಮನುಷ್ಯನಿಗೆ ಆಗದ ಕೆಲಸ. ಇಟಲಿಯ ಬೊರೆಲ್ಲಿ 1680ರ ಸುಮಾರಿಗೆ ಅಚ್ಚಾದ ಪುಸ್ತಕದಲ್ಲೇ ಇದನ್ನು ಹೇಳಿದ್ದ: ನಮ್ಮ ಮೈತೂಕಕ್ಕೆ ಹೋಲಿಸಿದರೆ ಎದೆಯ ಸ್ನಾಯು ತೀರಾ ಚಿಕ್ಕದು. ಆದರೆ ರೆಕ್ಕೆ ಬಡಿಯದೆ, ಗಾಳಿಯಲ್ಲಿ ಜಾರಿಕೊಂಡು ಇಳಿಯೋದು ಬೇರೆ ವಿಷಯ. ಬರ್ಬ್ಲಿಂಗರ್ ರೆಕ್ಕೆ ಅದಕ್ಕೆ ಸಾಕಾಗುವಂಥದ್ದೇ ಆಗಿತ್ತು ಅಂತ ಮುಂದೆ ಅದೇ ಮಾದರಿಯಲ್ಲಿ ಮಾಡಿದ ರೆಕ್ಕೆಗಳು ತೋರಿಸಿದವು. ಕೈಕೊಟ್ಟಿದ್ದು ಜಾಗ. ತಣ್ಣನೆಯ ನದಿಯ ಮೇಲಿನ ಗಾಳಿ ಎತ್ತೋದಿಲ್ಲ, ಕೆಳಗೆ ಇಳಿಯುತ್ತೆ. ರಾಜನಿಗೆ, ಜನಕ್ಕೆ ಚೆನ್ನಾಗಿ ಕಾಣಲಿ ಅಂತ ಆರಿಸಿದ ಜಾಗವೇ ಅವನನ್ನು ಮುಳುಗಿಸಿತು.

ಸ್ವಂತ ಶಕ್ತಿಯಲ್ಲೇ ಹಾರೋ ಆಸೆ ಏನಾಯ್ತು? 1979ರ ಜೂನ್ 12ರಂದು ಬ್ರಯಾನ್ ಅಲೆನ್ ಅನ್ನೋ ಅಮೆರಿಕದ ಸೈಕ್ಲಿಸ್ಟ್, 'ಗಾಸಮರ್ ಆಲ್ಬಟ್ರಾಸ್' ಅನ್ನೋ ಹಗುರ ವಿಮಾನದಲ್ಲಿ ಪೆಡಲ್ ತುಳಿದು ಇಂಗ್ಲಿಷ್ ಕಾಲುವೆ ದಾಟಿದ. ಹಿಡಿದಿದ್ದು 2 ಗಂಟೆ 49 ನಿಮಿಷ. ತೋಳನ್ನು ಬಿಟ್ಟು ಕಾಲನ್ನು ನಂಬಿದರು, ಬಡಿಯೋ ರೆಕ್ಕೆ ಬಿಟ್ಟು ಪ್ರೊಪೆಲ್ಲರ್ ತಿರುಗಿಸಿದರು. ಅಷ್ಟೇ ವ್ಯತ್ಯಾಸ, ಆದರೆ ಅಲ್ಲಿಗೆ ಬರೋಕೆ ಎಷ್ಟು ಜನ ಬೀಳಬೇಕಾಯ್ತು ನೋಡಿ.

ನಿಮ್ಮ ಕ್ಲಾಸಲ್ಲೋ ಆಫೀಸಲ್ಲೋ ಯಾರಾದರೂ ಹೊಸದೇನೋ ಮಾಡೋಕೆ ಹೋಗಿ ಎಲ್ಲರೆದುರು ಬಿದ್ದರೆ, ನಗೋ ಮುಂಚೆ ಒಂದು ಪ್ರಶ್ನೆ ಕೇಳಿಕೊಳ್ಳಿ: ತಪ್ಪಿದ್ದು ಐಡಿಯಾನಾ, ಜಾಗಾನಾ?