ನಾವೆಗಳ ಡಿಕ್ಕಿ: ನಾಲ್ಕು ಪ್ರಶ್ನೆ, ನಾಲ್ಕು ಪೀಠ

ನೀರಿನ ಮೇಲೆ ಎರಡು ನಾವೆಗಳು ಡಿಕ್ಕಿ ಹೊಡೆದು ಜನ ಸತ್ತರೆಂಬ ಸುದ್ದಿ ಬಂದಾಗ, ದೂರದಲ್ಲಿ ಕುಳಿತು ಕೇಳುವ ನಾವು ಎರಡು ಪ್ರಶ್ನೆ ಹಾಕುತ್ತೇವೆ. ತಪ್ಪು ಯಾರದು? ಅವನಿಗೆ ಏನು ಶಿಕ್ಷೆಯಾಯಿತು? ಸತ್ತವರ ಮನೆಯವರಿಗೆ ಇನ್ನೂ ಎರಡು ಪ್ರಶ್ನೆಗಳುಂಟು. ದುಡಿಯುವ ಕೈ ಹೋಯಿತಲ್ಲ, ಇನ್ನು ನಮ್ಮನ್ನು ನೋಡಿಕೊಳ್ಳುವವರು ಯಾರು? ಇಂಥದು ಮತ್ತೊಮ್ಮೆ ಆಗದಂತೆ ನೀವು ಏನು ಮಾಡಿದಿರಿ? ಈ ನಾಲ್ಕಕ್ಕೂ ಒಂದೇ ಕೋರ್ಟಿನಲ್ಲಿ, ಒಂದೇ ತೀರ್ಪಿನಲ್ಲಿ ಉತ್ತರ ಸಿಕ್ಕೀತೆಂದು ಬಹುಮಂದಿ ನಂಬಿರುತ್ತಾರೆ. ಹಾಗೆ ಸಿಕ್ಕುವುದಿಲ್ಲ. ಒಂದೊಂದು ಪ್ರಶ್ನೆಗೂ ಒಂದೊಂದು ಪೀಠ. ಒಂದೊಂದು ಪೀಠಕ್ಕೂ ಬೇರೆ ಬೇರೆ ಕಟ್ಟಳೆ. ಇದು ಹೇಗೆಂಬುದನ್ನು ಲಂಡನ್ನಿನ ಥೇಮ್ಸ್ ನದಿಯಲ್ಲಿ ನಡೆದ ಒಂದು ದುರಂತದ ಮೂಲಕ ತಮಗೆ ತಿಳಿಸಲು ಬಯಸುತ್ತೇನೆ.

1989ನೆಯ ಇಸವಿ ಆಗಸ್ಟ್ 20, ಭಾನುವಾರ. ಬೆಳಗಿನ ಜಾವಕ್ಕೆ ಮುಂಚೆ, ಒಂದೂ ಮುಕ್ಕಾಲು ಗಂಟೆಯ ಸಮಯ. 'ಮಾರ್ಷನೆಸ್' ಎಂಬ ವಿಹಾರ ನಾವೆ ಲಂಡನ್ನಿನ ಸೇತುವೆಗಳ ಕೆಳಗೆ ಹೊಳೆಯ ಹರಿವಿನೊಡನೆ ಸಾಗುತ್ತಿತ್ತು. 1923ರಲ್ಲಿ ಕಟ್ಟಿದ ಹಳೆಯ ನಾವೆ ಅದು. 1940ರಲ್ಲಿ ಡನ್‌ಕರ್ಕ್ ತೀರದಿಂದ ಸೈನಿಕರನ್ನು ಪಾರುಮಾಡಿದ ಸಣ್ಣ ದೋಣಿಗಳ ಸಾಲಿನಲ್ಲಿ ಅದೂ ಒಂದಾಗಿತ್ತು. ಆ ರಾತ್ರಿ ಅದರಲ್ಲಿ ಒಬ್ಬ ತರುಣನ ಹುಟ್ಟುಹಬ್ಬದ ಸಂತೋಷಕೂಟ. ಸುಮಾರು 130 ಮಂದಿ ಇದ್ದರು. ಬಹುತೇಕ ಇಪ್ಪತ್ತರ ಪ್ರಾಯದವರು. ಅದೇ ದಿಕ್ಕಿನಲ್ಲಿ ಹಿಂದಿನಿಂದ ಬಂದುದು 'ಬೋಬೆಲ್' ಎಂಬ ಹಡಗು, ಸಮುದ್ರದ ತಳದಿಂದ ಮರಳು ಜಲ್ಲಿ ಎತ್ತಿ ತರುವಂಥದು. ಮಾರ್ಷನೆಸ್ 46 ಟನ್ನಿನದು. ಬೋಬೆಲ್ 1,475 ಟನ್ನಿನದು. ದೊಡ್ಡದು ಹಿಂದಿನಿಂದ ಬಂದು ಚಿಕ್ಕದಕ್ಕೆ ಬಡಿಯಿತು, ಅದನ್ನು ಮಗುಚಿ ಹಾಕಿತು. ಅರ್ಧ ನಿಮಿಷ ಕಳೆಯುವಷ್ಟರಲ್ಲಿ ಮಾರ್ಷನೆಸ್ ಮುಳುಗಿತು. 51 ಜನ ತೀರಿಕೊಂಡರು. ಅದರ ಚುಕ್ಕಾಣಿ ಹಿಡಿದಿದ್ದವನೂ ಅವರಲ್ಲೊಬ್ಬ.

ಮಹಾನಗರದ ನಟ್ಟನಡುವೆ, ದೀಪಗಳ ಬೆಳಕಿನಲ್ಲಿ, ಒಂದು ಹಡಗು ಇನ್ನೊಂದನ್ನು ಕಾಣಲಿಲ್ಲವೆಂದರೆ ಯಾರಿಗೆ ತಾನೆ ನಂಬಿಕೆ ಬಂದೀತು? ಕಾರಣ ಹಡಗುಗಳ ರಚನೆಯಲ್ಲಿಯೇ ಇತ್ತು. ಬೋಬೆಲ್‌ನಲ್ಲಿ ಚುಕ್ಕಾಣಿಯ ಕೋಣೆ ಹಿಂಭಾಗದಲ್ಲಿತ್ತು. ಮರಳು ಎತ್ತುವ ಯಂತ್ರಸಾಮಗ್ರಿ ಅದರ ಮುಂದೆ ಅಡ್ಡವಾಗಿ ನಿಂತಿತ್ತು. ಎದುರಿಗೆ ಏನಿದೆಯೆಂದು ತಿಳಿಯಬೇಕಾದರೆ ಮೂತಿಯಲ್ಲಿ ಕಾವಲು ನಿಂತವನೇ ಸುದ್ದಿ ಮುಟ್ಟಿಸಬೇಕು. ಮಾರ್ಷನೆಸ್‌ನಲ್ಲಿ ಇದಕ್ಕೆ ತದ್ವಿರುದ್ಧ: ಚುಕ್ಕಾಣಿ ಮುಂದೆ, ಜನ ಕೂರುವ ಕಟ್ಟಡ ಹಿಂದೆ. ಹಿಂದಿನಿಂದ ಬರುವುದು ಚುಕ್ಕಾಣಿಯವನ ಕಣ್ಣಿಗೆ ಬೀಳುವುದು ಕಷ್ಟ. ಹೀಗೆ ಒಂದಕ್ಕೆ ಮುಂದೆ ಕಾಣದು, ಇನ್ನೊಂದಕ್ಕೆ ಹಿಂದೆ ಕಾಣದು. ಇಂಥ ಎರಡು ನಾವೆಗಳು ಸೇತುವೆಯ ಒಂದೇ ಕಮಾನಿನ ಕಡೆಗೆ ನಡೆದಿದ್ದುವು.

ಮೊದಲನೆಯದಾಗಿ ಶಿಕ್ಷೆಯ ಮಾತು. ಕ್ರಿಮಿನಲ್ ಮೊಕದ್ದಮೆಯಲ್ಲಿ ಆಪಾದಿತನ ಎದುರು ನಿಲ್ಲುವುದು ಸರ್ಕಾರ. ಸತ್ತವರ ಮನೆಯವರು ಅಲ್ಲಿ ಪಕ್ಷಗಾರರಲ್ಲ. ತಪ್ಪು ಮಾಡಿದನೆಂಬುದು ಸಕಾರಣವಾದ ಸಂಶಯಕ್ಕೆ ಎಡೆಯಿಲ್ಲದಂತೆ ರುಜುವಾತಾಗಬೇಕು. ಬೋಬೆಲ್‌ನ ಕಪ್ತಾನನ ಮೇಲೆ ಹೊರಿಸಿದ ಆರೋಪ ನರಹತ್ಯೆಯದಲ್ಲ. ಸರಿಯಾದ ಕಾವಲು ನೋಟ ಇಟ್ಟಿರಲಿಲ್ಲವೆಂಬ, ನೌಕಾಯಾನದ ಕಾಯಿದೆಯ ಕೆಳಗಿನ ಆರೋಪ. 1991ರಲ್ಲಿ ವಿಚಾರಣೆ ನಡೆಯಿತು. ಜೂರಿಯವರಲ್ಲಿ ಒಮ್ಮತ ಬರಲಿಲ್ಲ. ಅದೇ ವರ್ಷ ಎರಡನೆಯ ಜೂರಿಯ ಮುಂದೆ ಮತ್ತೆ ವಿಚಾರಣೆಯಾಯಿತು, ಅವರಲ್ಲಿಯೂ ಒಮ್ಮತವಿಲ್ಲ. ಕಾನೂನಿನ ಪ್ರಕಾರ ಕಪ್ತಾನ ನಿರ್ದೋಷಿಯಾಗಿ ಹೊರಬಂದ.

ಹಾಗಾದರೆ ಹಡಗಿನ ಕಂಪೆನಿಯ ಹೊಣೆ? ಸರ್ಕಾರ ಆ ಕಡೆಗೆ ಕೈಯೆತ್ತಲಿಲ್ಲ. ಪತ್ನಿಯನ್ನು ಕಳೆದುಕೊಂಡ ಒಬ್ಬ ಗಂಡ ತಾನೇ ಮುಂದೆ ಬಂದು, ಕಂಪೆನಿಯ ಮೇಲೂ ಅದರ ನಿರ್ದೇಶಕರ ಮೇಲೂ ನರಹತ್ಯೆಯ ಖಾಸಗಿ ಮೊಕದ್ದಮೆ ಹೂಡಿದ. 1992ರಲ್ಲಿ ಅದು ಸಾಕ್ಷ್ಯ ಸಾಲದೆಂದು ಬಿದ್ದುಹೋಯಿತು. ಅಂದಿನ ಇಂಗ್ಲಿಷ್ ಕಾನೂನಿನಲ್ಲಿ ಒಂದು ತೊಡಕಿತ್ತು. ಕಂಪೆನಿಗೆ ದೇಹವಿಲ್ಲ, ಮನಸ್ಸಿಲ್ಲ. ಆದುದರಿಂದ ಅದನ್ನು ನಡೆಸುವ ಮುಖ್ಯರಲ್ಲಿ ಒಬ್ಬನಾದರೂ ತಾನೇ ಅಪರಾಧಿಯೆಂದು ರುಜುವಾತಾದರೆ ಮಾತ್ರ ಕಂಪೆನಿಯೂ ಅಪರಾಧಿ. ಚಿಕ್ಕ ಅಂಗಡಿಯ ಒಡೆಯ ಇದರಲ್ಲಿ ಸಿಕ್ಕಿಬೀಳುತ್ತಾನೆ. ದೊಡ್ಡ ಕಂಪೆನಿಯಲ್ಲಿ ಹೊಣೆ ಹತ್ತು ಜನರಲ್ಲಿ ಹಂಚಿಹೋಗಿ ಯಾರ ಕೊರಳಿಗೂ ಬರುವುದಿಲ್ಲ. 1987ರಲ್ಲಿ 'ಹೆರಾಲ್ಡ್ ಆಫ್ ಫ್ರೀ ಎಂಟರ್‌ಪ್ರೈಸ್' ಎಂಬ ಹಡಗು ಮಗುಚಿ 193 ಜನ ಸತ್ತಾಗಲೂ ಕಂಪೆನಿಯ ಮೇಲಿನ ಮೊಕದ್ದಮೆ ನಿಲ್ಲಲಿಲ್ಲ. ಈ ತೊಡಕನ್ನು ಬಿಡಿಸಲು ಬ್ರಿಟನ್ 2007ರಲ್ಲಿ ಹೊಸ ಕಾಯಿದೆ ಮಾಡಿತು; 2008ರ ಏಪ್ರಿಲ್‌ನಲ್ಲಿ ಜಾರಿಗೆ ತಂದಿತು. ಆಡಳಿತವನ್ನು ನಡೆಸಿದ ರೀತಿಯಲ್ಲಿಯೇ ಘೋರವಾದ ಲೋಪವಿದ್ದು ಅದರಿಂದ ಸಾವು ಸಂಭವಿಸಿದರೆ ಕಂಪೆನಿಯೇ ಅಪರಾಧಿಯಾಗಬಹುದು. ಮಾರ್ಷನೆಸ್‌ನಲ್ಲಿ ಸತ್ತವರಿಗೆ ಇದರ ಫಲ ದೊರೆಯಲಿಲ್ಲ.

ಎರಡನೆಯದು ಪರಿಹಾರದ ಮಾತು. ಇದು ಸಿವಿಲ್ ದಾವೆ. ಇಲ್ಲಿ ವಾದಿಗಳು ಮನೆಯವರೇ. ಸಂಶಯಾತೀತವಾದ ರುಜುವಾತು ಬೇಕಿಲ್ಲ. ತಕ್ಕಡಿ ಒಂದು ಕಡೆಗೆ ತುಸು ವಾಲಿದರೆ ಸಾಕು. ಆದುದರಿಂದ ಕ್ರಿಮಿನಲ್ ಕೋರ್ಟಿನಲ್ಲಿ ಬಿಡುಗಡೆಯಾದರೂ ಸಿವಿಲ್ ಕೋರ್ಟಿನಲ್ಲಿ ಹಣ ತೆರಬೇಕಾಗಿ ಬರುವುದುಂಟು. ಇದನ್ನು ಕಂಡು ಒಂದು ಕೋರ್ಟು ಇನ್ನೊಂದನ್ನು ಸುಳ್ಳುಮಾಡಿತೆಂದು ತಾವು ತಿಳಿಯಬಾರದು. ಅಳೆಯುವ ಕೋಲೇ ಬೇರೆ.

ಮೊದಲು ಈ ದಾವೆಗೂ ಅವಕಾಶವಿರಲಿಲ್ಲ. ಗಾಯಗೊಂಡವನು ದಾವೆ ಹೂಡಬಹುದಿತ್ತು. ಸತ್ತನೆಂದರೆ ದಾವೆಯೂ ಅವನೊಡನೆ ಸಾಯುತ್ತಿತ್ತು. ಕಾಲು ಮುರಿದವನಿಗೆ ಹಣ ಕೊಡಬೇಕು, ಸತ್ತವನ ಹೆಂಡತಿ ಮಕ್ಕಳಿಗೆ ಏನೂ ಕೊಡಬೇಕಿಲ್ಲವೆಂಬ ವಿಚಿತ್ರ ನ್ಯಾಯ. ರೈಲು ಬಂದು ಅಪಘಾತಗಳು ಹೆಚ್ಚಿದ ಮೇಲೆ, 1846ರಲ್ಲಿ ಇಂಗ್ಲೆಂಡಿನಲ್ಲಿ ಲಾರ್ಡ್ ಕ್ಯಾಂಪ್‌ಬೆಲ್‌ನ ಹೆಸರಿನ ಕಾಯಿದೆಯಾಯಿತು. ಒಂಬತ್ತು ವರ್ಷಗಳ ಮೇಲೆ, 1855ರಲ್ಲಿ, ಅದರ ಮಾದರಿಯಲ್ಲಿಯೇ ನಮ್ಮ ದೇಶಕ್ಕೆ ಮಾರಕ ಅಪಘಾತಗಳ ಕಾಯಿದೆ ಬಂತು. ಅದು ಇಂದಿಗೂ ಜಾರಿಯಲ್ಲಿದೆ.

ಆದರೆ ಈ ಕಾಯಿದೆಗಳು ಅಳೆಯುವುದು ಹಣದ ನಷ್ಟವನ್ನು, ದುಃಖವನ್ನಲ್ಲ. ಸತ್ತವನು ಎಷ್ಟು ದುಡಿಯುತ್ತಿದ್ದ, ಅವನ ದುಡಿಮೆಯಿಂದ ಯಾರು ಬದುಕುತ್ತಿದ್ದರು ಎಂಬುದು ಲೆಕ್ಕ. ಮಾರ್ಷನೆಸ್‌ನಲ್ಲಿ ಸತ್ತವರು ಬಹುಪಾಲು ಮದುವೆಯಾಗದ ತರುಣ ತರುಣಿಯರು. ಅವರ ದುಡಿಮೆಯನ್ನು ನಂಬಿದವರು ಕಡಮೆ. ದುಃಖಕ್ಕೆಂದು ಕಾನೂನು ಒಂದು ನಿಗದಿಯಾದ ಮೊತ್ತವನ್ನು ಇಟ್ಟಿತ್ತು. ಆಗ ಅದು 3,500 ಪೌಂಡು. ಅದೂ ಸತ್ತವರ ಪತಿ ಅಥವಾ ಪತ್ನಿಗೆ, ಇಲ್ಲವೆ ಹದಿನೆಂಟು ತುಂಬದ ಮಗುವನ್ನು ಕಳೆದುಕೊಂಡ ತಂದೆತಾಯಿಗೆ. ಇಪ್ಪತ್ತೈದು ವರ್ಷ ಸಾಕಿ ಬೆಳೆಸಿದ ಮಗಳನ್ನು ಕಳೆದುಕೊಂಡ ತಾಯಿಗೆ ಆ ಮೊತ್ತವೂ ಇಲ್ಲ. ಶವಸಂಸ್ಕಾರದ ವೆಚ್ಚ ಮಾತ್ರ. ಬೆಳೆದ ಮಕ್ಕಳ ಸಾವಿಗೆ ಬೆಲೆಯೇ ಇಲ್ಲವೇ ಎಂದು ಆ ತಂದೆತಾಯಿಗಳು ಕೇಳಿದುದರಲ್ಲಿ ಅತಿಶಯವೇನು?

ಹಡಗಿನ ವ್ಯವಹಾರದಲ್ಲಿ ಇನ್ನೂ ಎರಡು ವಿಶೇಷ ನಿಯಮಗಳುಂಟು. ಎರಡು ನಾವೆಗಳ ತಪ್ಪೂ ಇದ್ದರೆ, 1911ರ ಬ್ರಿಟಿಷ್ ಕಾಯಿದೆಯಂತೆ ನಷ್ಟವನ್ನು ತಪ್ಪಿನ ಪ್ರಮಾಣಕ್ಕೆ ತಕ್ಕಂತೆ ಹಂಚುತ್ತಿದ್ದರು. ಸಾವಿನ ವಿಷಯದಲ್ಲಿ ಮಾತ್ರ ಮನೆಯವರು ಇಬ್ಬರಲ್ಲಿ ಯಾವ ಒಡೆಯನಿಂದಲಾದರೂ ಪೂರ್ತಿ ಹಣ ಕೇಳಬಹುದಿತ್ತು. ಎರಡನೆಯದು, ಹಡಗಿನ ಒಡೆಯನ ಹೊಣೆಗೆ ಒಂದು ಮೇಲ್ಮಿತಿ. ಹಡಗು ಎಷ್ಟು ಟನ್ನಿನದೋ ಅದಕ್ಕೆ ತಕ್ಕಂತೆ ಮೊತ್ತವನ್ನು ಗೊತ್ತುಮಾಡಿ, ಅದರಾಚೆಗೆ ಕೊಡಬೇಕಿಲ್ಲವೆಂದು ಹೇಳುವ ಪದ್ಧತಿ ಹತ್ತೊಂಬತ್ತನೆಯ ಶತಮಾನದಿಂದ ಬಂದದ್ದು. ಒಂದು ಡಿಕ್ಕಿಯಿಂದ ವ್ಯಾಪಾರಿಯ ಸರ್ವಸ್ವವೂ ಹೋದರೆ ಹಡಗು ಕಟ್ಟುವವರೇ ಇರುವುದಿಲ್ಲವೆಂಬುದು ಅದರ ಹಿಂದಿನ ಯೋಚನೆ.

ಮೂರನೆಯದು, ಇವರು ಸತ್ತುದು ಹೇಗೆ ಎಂಬ ಪ್ರಶ್ನೆ. ಇಂಗ್ಲೆಂಡಿನಲ್ಲಿ ಅಸಹಜವಾದ ಸಾವುಗಳನ್ನು ವಿಚಾರಿಸಲು ಕಾರೊನರ್ ಎಂಬ ಅಧಿಕಾರಿಯಿದ್ದಾನೆ. ಇಲ್ಲಿ ಮನೆಯವರಿಗೆ ಇನ್ನೊಂದು ಆಘಾತ ಕಾದಿತ್ತು. ಗುರುತು ಹಿಡಿಯಲು ಬೆರಳಚ್ಚು ಬೇಕೆಂದು 25 ಶವಗಳಿಂದ ಕೈಗಳನ್ನು ಕತ್ತರಿಸಿ ತೆಗೆದಿದ್ದರು. ಮನೆಯವರಿಗೆ ಆಗ ಅದನ್ನು ತಿಳಿಸಿರಲಿಲ್ಲ. ವಿಚಾರಣೆ ನಿಂತುಹೋಯಿತು, ಮುಂದುವರಿಸಲು ಆ ಕಾರೊನರ್ ಒಪ್ಪಲಿಲ್ಲ. ನೊಂದವರಲ್ಲಿ ಒಬ್ಬರ ಬಗ್ಗೆ ಅವನು ಪತ್ರಕರ್ತರ ಮುಂದೆ ಸಲ್ಲದ ಮಾತಾಡಿದ್ದ. ಪಕ್ಷಪಾತದ ಶಂಕೆಗೆ ಎಡೆಯಿದೆಯೆಂದು 1994ರಲ್ಲಿ ಮೇಲ್ಮನವಿಯ ನ್ಯಾಯಾಲಯ ತೀರ್ಪು ಕೊಟ್ಟಿತು. ಬೇರೆ ಕಾರೊನರ್ ಬಂದ. 1995ರ ಏಪ್ರಿಲ್‌ನಲ್ಲಿ ಜೂರಿ ಹೇಳಿದ ಮಾತು: ಇದು ಕಾನೂನುಬಾಹಿರವಾದ ಕೊಲೆ. ಆದರೆ ಕಾರೊನರನ ಪೀಠ ಅಪರಾಧಿಯ ಹೆಸರು ಹೇಳುವಂತಿಲ್ಲ, ಶಿಕ್ಷೆ ಕೊಡುವಂತಿಲ್ಲ. ಕಡತ ಮತ್ತೆ ಸರ್ಕಾರಿ ವಕೀಲರ ಕೈಗೆ ಹೋಯಿತು. ಮೊಕದ್ದಮೆಗೆ ಸಾಕಾಗುವಷ್ಟು ಸಾಕ್ಷ್ಯವಿಲ್ಲವೆಂದು 1996ರಲ್ಲಿ ಅವರು ತೀರ್ಮಾನಿಸಿದರು.

ನಾಲ್ಕನೆಯದು, ಮುಂದೆ ಆಗದಂತೆ ಏನು ಮಾಡಿದಿರಿ ಎಂಬುದು. ಇದಕ್ಕೆ ಸಾರ್ವಜನಿಕ ವಿಚಾರಣೆಯಾಗಬೇಕೆಂದು ಮನೆಯವರು ಮೊದಲ ದಿನದಿಂದ ಕೇಳುತ್ತಿದ್ದರು. ಹತ್ತು ವರ್ಷ ಸರ್ಕಾರ ಕೇಳಲಿಲ್ಲ. 1999ರಲ್ಲಿ ನ್ಯಾಯಮೂರ್ತಿ ಕ್ಲಾರ್ಕ್ ಅವರನ್ನು ನೇಮಿಸಿತು. 2001ರ ಮಾರ್ಚಿನಲ್ಲಿ ಅವರ ವರದಿ ಹೊರಬಂತು. ಎರಡು ನಾವೆಗಳಲ್ಲಿಯೂ ಕಾವಲು ನೋಟ ಸರಿಯಿರಲಿಲ್ಲವೆಂದು ಅವರು ಕಂಡುಕೊಂಡರು. ಒಡೆಯರನ್ನೂ, ಕಣ್ಣಿಗೆ ಮರೆಯಿರುವ ಹಡಗುಗಳ ಅಪಾಯವನ್ನು ಬಲ್ಲ ಸಾರಿಗೆ ಇಲಾಖೆಯನ್ನೂ ಬಿಡಲಿಲ್ಲ. ಇದರ ಫಲ ಕಣ್ಣಿಗೆ ಕಾಣುವಂತಾಯಿತು. ಅಲ್ಲಿಯವರೆಗೆ ಥೇಮ್ಸ್ ನದಿಗೆಂದೇ ರಕ್ಷಣಾ ದೋಣಿಗಳ ವ್ಯವಸ್ಥೆಯಿರಲಿಲ್ಲ. 2002ರ ಜನವರಿಯಲ್ಲಿ ನದಿಯ ಉದ್ದಕ್ಕೂ ನಾಲ್ಕು ಠಾಣೆಗಳು ತೆರೆದುವು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದರೆಂದು ಹೇಳಬಹುದು. ನಿಜ. ಆದರೂ ಆ ಬಾಗಿಲನ್ನು ಹಾಕಿಸಿದವರು ಸತ್ತವರ ಮನೆಯವರು. ಅಂದಿನಿಂದ ಆ ನದಿಯಲ್ಲಿ ಉಳಿದ ಜೀವಗಳು ಎಷ್ಟೋ.

ಕಪ್ತಾನನಿಗೆ ಶಿಕ್ಷೆಯಾಗಿದ್ದರೆ ಎಲ್ಲ ಸರಿಯಾಗುತ್ತಿತ್ತೇ ಎಂದು ಕೇಳಬಹುದು. 2012ರ ಅಕ್ಟೋಬರ್ 1ರ ರಾತ್ರಿ ಹಾಂಗ್‌ಕಾಂಗ್‌ನಲ್ಲಿ, ಬಾಣಬಿರುಸು ನೋಡಲು ಹೊರಟಿದ್ದ ನಾವೆಗೆ ಇನ್ನೊಂದು ನಾವೆ ಬಡಿದು 39 ಜನ ಸತ್ತರು. ಅವರಲ್ಲಿ ಎಂಟು ಮಂದಿ ಮಕ್ಕಳು. 2015ರಲ್ಲಿ ಒಬ್ಬ ಚಾಲಕನಿಗೆ ನರಹತ್ಯೆಗಾಗಿ ಎಂಟು ವರ್ಷ, ಇನ್ನೊಬ್ಬನಿಗೆ ಒಂಬತ್ತು ತಿಂಗಳ ಸೆರೆಯಾಯಿತು. ಆದರೆ ಮುಳುಗಿದ ನಾವೆಯಲ್ಲಿ ನೀರು ತಡೆಯಬೇಕಾದ ಒಂದು ಬಾಗಿಲೇ ಇರಲಿಲ್ಲವೆಂಬುದನ್ನು ವಿಚಾರಣಾ ಆಯೋಗ ಹೊರಗೆಡವಿತು. ಚಾಲಕರು ಸೆರೆಮನೆಗೆ ಹೋದುದರಿಂದ ಆ ಬಾಗಿಲಿನ ಪ್ರಶ್ನೆಗೆ ಉತ್ತರ ಬರಲಿಲ್ಲ.

ಇನ್ನು ನಮ್ಮ ದೇಶದ ಮಾತು. 2024ರ ಡಿಸೆಂಬರ್ 18ರಂದು ಮುಂಬಯಿ ಬಂದರಿನಲ್ಲಿ, ಎಲಿಫೆಂಟಾ ದ್ವೀಪಕ್ಕೆ ಹೊರಟಿದ್ದ 'ನೀಲಕಮಲ್' ಎಂಬ ಪ್ರಯಾಣಿಕರ ದೋಣಿಗೆ, ಎಂಜಿನ್ನಿನ ಪರೀಕ್ಷೆ ನಡೆಸುತ್ತಿದ್ದ ನೌಕಾಪಡೆಯ ವೇಗದ ದೋಣಿ ಬಡಿದು 15 ಜನ ಸತ್ತುದು ತಮಗೆ ನೆನಪಿರಬಹುದು. ಅದೇ ವರ್ಷದ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಜಾರಿಗೆ ಬಂದಿತ್ತು. ನಿರ್ಲಕ್ಷ್ಯದಿಂದ ಸಾವು ತಂದರೆ ಹಳೆಯ ದಂಡಸಂಹಿತೆಯಲ್ಲಿ ಹೆಚ್ಚೆಂದರೆ ಎರಡು ವರ್ಷ ಸೆರೆ. ಹೊಸದರ 106ನೆಯ ಕಲಮಿನಲ್ಲಿ ಐದು ವರ್ಷದವರೆಗೆ. ದುಡುಕಿನಿಂದ ನಾವೆ ನಡೆಸುವುದೇ ಒಂದು ಅಪರಾಧ. ಅದು 282ನೆಯ ಕಲಮು.

ಪರಿಹಾರದ ವಿಷಯದಲ್ಲಿ ಒಂದು ಸಂಗತಿ ಬಹಳ ಮಂದಿಗೆ ತಿಳಿಯದು. ಬಸ್ಸು ಲಾರಿಗಳ ಅಪಘಾತಕ್ಕೆ ಮೋಟಾರು ಅಪಘಾತದ ನ್ಯಾಯಮಂಡಳಿಯಿದೆ. ದೋಣಿಯ ಅಪಘಾತ ಅದರ ವ್ಯಾಪ್ತಿಗೆ ಬರುವುದಿಲ್ಲ. 1855ರ ಕಾಯಿದೆಯ ಕೆಳಗೆ ಸಿವಿಲ್ ಕೋರ್ಟಿಗೆ ಹೋಗಬೇಕು. ಹೆಂಡತಿ, ಗಂಡ, ತಂದೆತಾಯಿ, ಮಕ್ಕಳು, ಇವರ ಹಿತಕ್ಕಾಗಿ ದಾವೆ ಹೂಡಬಹುದು. ಅವಧಿ ಸಾವಿನ ದಿನದಿಂದ ಎರಡು ವರ್ಷ. ಕ್ರಿಮಿನಲ್ ಮೊಕದ್ದಮೆ ಮುಗಿಯಲಿ, ಆಮೇಲೆ ನೋಡೋಣವೆಂದು ಕಾದು ಕುಳಿತವರಿಗೆ ಈ ಅವಧಿ ಸದ್ದಿಲ್ಲದೆ ಕಳೆದುಹೋಗುತ್ತದೆ. ಪೊಲೀಸರ ವರದಿ, ಮರಣೋತ್ತರ ಪರೀಕ್ಷೆಯ ಪತ್ರ, ಸತ್ತವರ ಸಂಪಾದನೆಯ ದಾಖಲೆ, ಸಿಕ್ಕಿದರೆ ದೋಣಿಯ ಚೀಟಿ, ಇವನ್ನು ಮೊದಲ ವಾರದಲ್ಲಿಯೇ ಒಂದೆಡೆ ಸೇರಿಸಿಡಬೇಕು. ಸರ್ಕಾರ ಘೋಷಿಸುವ ನೆರವಿನ ಹಣ ಒಂದು ಅನುಗ್ರಹ. ಅದನ್ನು ಪಡೆದ ಮಾತ್ರಕ್ಕೆ ದಾವೆಯ ಹಕ್ಕು ಹೋಗುವುದಿಲ್ಲ.

ಕೋರ್ಟಿನ ಮೆಟ್ಟಿಲು ಯಾರಿಗೂ ಬೇಡ. ರಜೆಯ ದಿನ ಮಕ್ಕಳೊಡನೆ ನದಿಗೋ ಹಿನ್ನೀರಿಗೋ ಹೋದಾಗ, ದೋಣಿ ಹತ್ತುವ ಮೊದಲು ಮೂರು ಸಂಗತಿ ನೋಡಿ. ಎಷ್ಟು ಜನಕ್ಕೆ ಅನುಮತಿಯಿದೆಯೆಂದು ಬರೆದಿದೆಯೇ? ಅಷ್ಟು ಜನಕ್ಕೂ ತೇಲುವ ಅಂಗಿ ಇದೆಯೇ? ಚುಕ್ಕಾಣಿ ಹಿಡಿದವನಿಗೆ ಮುಂದೆಯೂ ಹಿಂದೆಯೂ ಕಾಣುತ್ತದೆಯೇ? ಇವುಗಳಲ್ಲಿ ಒಂದಕ್ಕೆ ಇಲ್ಲವೆಂಬ ಉತ್ತರ ಬಂದರೂ ದಡದಲ್ಲಿಯೇ ನಿಲ್ಲಿ. ಮುಂದಿನ ದೋಣಿ ಬರುತ್ತದೆ.