ಮೈನೆರೆದ ಮಗಳಿಗೆ ಯಾರು ಹೇಳಬೇಕು?

(ಕಾರ್ಮಿಕರ ಹಾಗೂ ವರ್ತಕರ ಸಭೆಯಲ್ಲಿ ಮಾಡಿದ ಭಾಷಣ)



ಕೂಲಿ, ಬೋನಸ್ಸು, ತುಟ್ಟಿಭತ್ಯೆಗಳ ಮಾತನ್ನು ಈ ವೇದಿಕೆಯಿಂದ ನಾವು ಎಷ್ಟೋ ಸಲ ಆಡಿದ್ದೇವೆ. ಮನೆಯ ಹೆಣ್ಣುಮಕ್ಕಳು ಮೈನೆರೆಯುವ ವಿಷಯ ಎತ್ತಿದರೆ ಮಾತ್ರ ಹಿಂದಿನ ಸಾಲಿನಲ್ಲಿ ನಗು ಕೇಳುತ್ತದೆ. ನಗುವವರು ನಗಲಿ.

ನಮ್ಮ ಹಿರಿಯರು ಏನೂ ಅರಿಯದವರೆಂದು ನಾವು ಹೇಳುವುದಿಲ್ಲ. ಹುಡುಗಿ ದೊಡ್ಡವಳಾದಳೆಂದರೆ ಸೋದರಮಾವ ಹಸಿರು ಸೊಪ್ಪಿನ ಗುಡ್ಲು ಹಾಕುತ್ತಿದ್ದ. ಮುತ್ತೈದೆಯರು ಆರತಿ ಎತ್ತಿ ಕೊಬ್ಬರಿ, ಬೆಲ್ಲ, ಎಳ್ಳಿನ ಚಿಗಳಿ ತಿನ್ನಿಸುತ್ತಿದ್ದರು. ಆ ತಿನಿಸಿನಲ್ಲಿ ವಿವೇಕವಿತ್ತು. ಆದರೆ ಊರಿಗೆಲ್ಲ ಸಾರಿದ ಸುದ್ದಿಯ ಅರ್ಥವನ್ನು ಆ ಹುಡುಗಿಗೆ ಮಾತ್ರ ಯಾರೂ ಬಿಡಿಸಿ ಹೇಳುತ್ತಿರಲಿಲ್ಲ. ಶಾಸ್ತ್ರ ಮುಗಿದರೆ ಶಾಲೆಯೂ ಮುಗಿಯಿತು. ಕೆಲವು ಮೇಲ್ಜಾತಿಗಳಲ್ಲಂತೂ ಮೈನೆರೆಯುವ ಮೊದಲೇ ಮದುವೆಯಾಗಿರಬೇಕಿತ್ತು. 1894ರಲ್ಲಿ ಮೈಸೂರು ಸರ್ಕಾರ 8 ವರ್ಷದೊಳಗಿನ ಹುಡುಗಿಯರ ಮದುವೆಯನ್ನು ನಿಷೇಧಿಸಿತು. ಎಂಟು ವರ್ಷ! ಅದೂ ಆಗ ದೊಡ್ಡ ಸುಧಾರಣೆಯೇ. 1929ರ ಶಾರದಾ ಕಾಯ್ದೆ 14 ಎಂದಿತು; 18 ಆಗಲು 1978 ಬರಬೇಕಾಯಿತು.

ಇದೇ ಮೈಸೂರು 1930ರಲ್ಲಿ ಸರ್ಕಾರದ ವತಿಯಿಂದ ಸಂತಾನ ನಿಯಂತ್ರಣದ ಚಿಕಿತ್ಸಾಲಯಗಳನ್ನು ತೆರೆಯಿತು. ದೊಡ್ಡವರಿಗೆ ತಿಳಿವಳಿಕೆ ಕೊಡಲು ಧೈರ್ಯ ಬಂತು, ಮಕ್ಕಳಿಗೆ ಕೊಡಲು ಬರಲಿಲ್ಲ. ಶಾಲೆಗೆ ಈ ಪಾಠ ಬಂದದ್ದೂ ಮೊದಲು 1980ರಲ್ಲಿ ಜನಸಂಖ್ಯೆಯ ಭಯದಿಂದ, ಅನಂತರ ಏಡ್ಸ್ ಭಯದಿಂದ. ಮಗುವಿನ ಭಯ ಕಳೆಯಬೇಕೆಂದು ಯೋಚಿಸಿದವರು ಕಡಿಮೆ. 2005ರಲ್ಲಿ ಕೇಂದ್ರ ಸರ್ಕಾರ ಹದಿಹರೆಯದ ಶಿಕ್ಷಣ ಕಾರ್ಯಕ್ರಮ ತಂದಾಗ ಹಲವು ರಾಜ್ಯಗಳು ಸಂಸ್ಕೃತಿಯ ಹೆಸರಿನಲ್ಲಿ ಅದನ್ನು ತಡೆದವು. 2007ರಲ್ಲಿ ಕರ್ನಾಟಕವೂ ಆ ಸಾಲಿನಲ್ಲಿತ್ತು.

ವರ್ತಕ ಮಿತ್ರರಿಗೂ ಒಂದು ಮಾತು. 2017ರಲ್ಲಿ ಜಿಎಸ್‌ಟಿ ಬಂದಾಗ ಕುಂಕುಮ, ಬಳೆಗೆ ತೆರಿಗೆಯಿಲ್ಲ, ಮುಟ್ಟಿನ ಪ್ಯಾಡಿಗೆ ನೂರಕ್ಕೆ 12! ಹೆಂಗಸರು ಗದ್ದಲವೆಬ್ಬಿಸಿದ ಮೇಲೆ 2018ರಲ್ಲಿ ಅದು ಹೋಯಿತು. ತೆರಿಗೆ ಹೋದರೂ ನಿಮ್ಮ ಅಂಗಡಿಯ ಹಳೆಯ ಪತ್ರಿಕೆ ಹೋಗಲಿಲ್ಲ. ಕಳ್ಳಮಾಲಿನಂತೆ ಸುತ್ತಿ ಏಕೆ ಕೊಡುತ್ತೀರಿ? ಸೋಪು ಕೊಟ್ಟಂತೆ ಕೊಡಿ.

ಇನ್ನು ಗಿರಣಿ. ಹೆಂಗಸರಿಗೆ ಪ್ರತ್ಯೇಕ ಪಾಯಿಖಾನೆ ಇರಬೇಕೆಂದು 1948ರ ಕಾರ್ಖಾನೆ ಕಾನೂನೇ ಹೇಳಿತ್ತು. 2025ರ ಅಕ್ಟೋಬರಿನಲ್ಲಿ ರಾಜ್ಯದ ಸಚಿವ ಸಂಪುಟ ತಿಂಗಳಿಗೊಂದು ದಿನ ಸಂಬಳಸಹಿತ ಮುಟ್ಟಿನ ರಜೆಗೆ ಒಪ್ಪಿತು. ಒಳ್ಳೆಯದೇ. ಆದರೆ ಮುಟ್ಟೆಂಬ ಪದವನ್ನು ಮನೆಯಲ್ಲೂ ಶಾಲೆಯಲ್ಲೂ ಉಚ್ಚರಿಸದೆ ಬೆಳೆದ ಹುಡುಗಿ ಮೇಸ್ತ್ರಿಯ ಮುಂದೆ ನಿಂತು ಆ ರಜೆ ಕೇಳಿಯಾಳೆ? ಕೇಳಿದರೆ, ಏನೂ ಕಲಿಯದೆ ಮೇಸ್ತ್ರಿಯಾದ ಆ ಗಂಡಸು ನಗದಿದ್ದಾನೆಯೆ?

ಆದ್ದರಿಂದ ಮುಂದಿನ ಸಲ ಮಗಳ ಶಾಲೆಯ ಸಭೆಗೆ ತಂದೆಯರೇ ಹೋಗಿ. ಪಾಯಿಖಾನೆಯಲ್ಲಿ ನೀರಿದೆಯೆ ಎಂದು ಕೇಳಿ. ಈ ಪಾಠ ಮಾಡುವಾಗ ಗಂಡುಹುಡುಗರನ್ನು ಹೊರಗೆ ಕಳಿಸುತ್ತಾರೆಯೆ ಎಂಬುದನ್ನೂ ಕೇಳಿ ಬನ್ನಿ.